ಚೌಕಟ್ಟಿನಾಚೆ ಸರಿದವರು

ಯೆರವಡಾ, ಪುಣೆ
೧೧ ಸೆಪ್ಟೆಂಬರ್ ೨೦೨೫

ಗೆಳೆಯ ಅಮೋಘ,

ಹೇಗಿದ್ದೀ? ನಿನ್ನ ಸಿನೆಮಾಕ್ಕೆ ಪ್ರಶಸ್ತಿ ಬಂತೆಂದು ನೀನು ಬರೆದಿದ್ದೆ. ಉತ್ತರ ತಡವಾಯಿತು, ಕ್ಷಮಿಸು. ಸಿಟ್ಟು ಇಳಿಯಲೆಂದು ಕಾದೆ. ಇಳಿಯಲಿಲ್ಲ, ಸಿಟ್ಟಿನಲ್ಲೇ ಬರೆಯುತ್ತಿದ್ದೇನೆ. "ಅಂವಗ ಬರದು ಏನ್ ಮಾಡ್ತಿ? ಕಣ್ಣಷ್ಟ ಅದಾವ, ಕಿವಿ ಎಲ್ಲಿ ಅದಾವ?" ಅನ್ನುತ್ತಾಳೆ ನನ್ನತ್ತೆ ಬಸವಣ್ಣೆವ್ವ.

ನಿನ್ನ ಮಾತಿಲ್ಲದ ಸಿನೆಮಾವನ್ನು ಕಳೆದ ತಿಂಗಳು ನೋಡಿದೆ. ಥಿಯೇಟರಿನಲ್ಲಲ್ಲ, ನೀನು ಚಿತ್ರ ತೆಗೆದ ಜಾಗದಲ್ಲೇ ಬರಲಿರುವ ಗಣಿಯ ಅಹವಾಲು ಸಭೆಯಲ್ಲಿ. ತೋರಿಸಿದವನು ಗಣಿ ಕಂಪನಿಯ ವಕೀಲ! ಸಹ್ಯಾದ್ರಿಯ ನೆತ್ತಿಯ ಆ ಕಲ್ಲುಬಯಲು, ಮಂಜು, ನೀಲಿ ಹೂ, ಗಾಳಿ. ಒಂದೇ ಒಂದು ನರಪಿಳ್ಳೆಯಿಲ್ಲ. "ಸಾಹೇಬರೇ, ಇದು ನಾವು ತೆಗೆದದ್ದಲ್ಲ. ಪರಿಸರಪ್ರೇಮಿಯೊಬ್ಬ ಮೂರು ಮಳೆಗಾಲ ಅಲ್ಲೇ ಕೂತು ತೆಗೆದದ್ದು. ಯಾರಿದ್ದಾರೆ ಅಲ್ಲಿ, ನೀವೇ ಹೇಳಿ" ಎಂದ.

ಸಭೆಯಲ್ಲಿದ್ದ ಇಂದೂ ಆಜಿ ಎದ್ದಳು. ನಿನಗೆ ಭಾಕರಿ ರೊಟ್ಟಿ ಬಡಿದು ಹಾಕಿದ ಕುರಿಗಾಹಿ ಮುದುಕಿ, ನೆನಪಿದೆಯಾ? "ಮೀ ತಿಥಂಚ್ ಹೋತೆ!" ನಾನು ಅಲ್ಲೇ ಇದ್ದೆ ಎಂದು ಕಿರುಚಿದಳು. "ಆ ಹೂವಿನ ಪಕ್ಕದಲ್ಲೇ ನನ್ನ ಗುಡಿಸಲು. ಕ್ಯಾಮೆರಾ ಪೋರ ದಿನಾ 'ಆಜಿ, ಜರಾ ಬಾಜೂಲಾ ಹೋ' ಅಂತಿದ್ದ. ಪಕ್ಕಕ್ಕೆ ಸರಿದೆ. ಈಗ ಈ ವಕೀಲ ಪೂರಾ ಹೋಗು ಅಂತಾನೆ!"

ಸಭೆ ನಕ್ಕಿತು, ಅಮೋಘ. ನಕ್ಕಿತು! ಮೊನ್ನೆ ಗಣಿಗೆ ಒಪ್ಪಿಗೆಯೂ ಬಂತು. ಆಜಿ ಕುರಿ ಮಾರಿ ಕುರಕುಂಭದ ಕಾರ್ಖಾನೆಗಳ ಪಕ್ಕ ಮಗಳ ತಗಡಿನ ಶೆಡ್ಡು ಸೇರಿದ್ದಾಳೆ. ರಾಸಾಯನಿಕದ ವಾಸನೆಗೆ ಊಟ ಸೇರುವುದಿಲ್ಲವಂತೆ.

ಮನುಷ್ಯ ಕಂಡರೆ ನೆಲದ ಮೌನ ಕೆಡುತ್ತದೆ ಅನ್ನುತ್ತಿದ್ದೆ ನೀನು. ಯಾರ ಮೌನ ಮಾರಾಯ? ನಮ್ಮವರ ಬಾಯಿ ಮುಚ್ಚಿಸುವವರ ವಿರುದ್ಧ ನಾವು ಬೀದಿಯಲ್ಲಿ ಗಂಟಲು ಹರಿದುಕೊಂಡೆವು. ನೀನು ಎಡಿಟಿಂಗ್ ಕೋಣೆಯಲ್ಲಿ ಕೂತು ಅದೇ ಕೆಲಸ ಮಾಡಿ, ಕಲೆ ಅಂತ ಹೆಸರಿಟ್ಟೆ. ಮೇಲ್ಮನವಿ ಹಾಕೋಣ ಅನ್ನುತ್ತಾರೆ ಗೆಳೆಯರು. ಸಹಿ ಹಾಕಿದೆ. ನಂಬಿಕೆಯಿಂದಲ್ಲ.

ಎಲ್ಲಿದ್ದರೂ ಚೆನ್ನಾಗಿರು. ನಿನ್ನ ಕೆಡುಕು ಬಯಸಲು ನನಗಾಗುವುದಿಲ್ಲ.

ನಿನ್ನ,
ಮಾಧುರಿ

ತಾ.ಕ.: ಆಜಿ ಹೇಳಿದ ಕ್ಯಾಮೆರಾ ಪೋರ ನೀನಲ್ಲ. ನಿನ್ನ ಸಾಮಾನು ಹೊತ್ತು ತಿರುಗಿದ ನನ್ನ ಗಂಡ ಮಾಂತು. ಮೆರವಣಿಗೆಯ ಮುಂದೆ ಘೋಷಣೆ ಕೂಗುತ್ತಿದ್ದವನು, ನಿನ್ನ ಮಾತು ಕೇಳಿ ಅವಳನ್ನು ಸರಿಸಿದ. ಅವನು ಜ್ವರದಲ್ಲಿ ತೀರಿಹೋಗಿ ವರ್ಷವಾಯಿತು. ಅವನ ದನಿ ನನ್ನ ಹತ್ತಿರ ಎಲ್ಲೂ ಉಳಿದಿಲ್ಲ. ಆ ಹೂವಿನ ದೃಶ್ಯ ಶುರುವಾಗುವ ಮೊದಲು ನೀನು ಕತ್ತರಿಸಿ ಬಿಸಾಡಿದ್ದರಲ್ಲಿ ಆ ದನಿ ಇದ್ದರೆ ಕಳಿಸು. "ಬಾಜೂಲಾ ಹೋ" ಅಂತಲೇ ಇರಲಿ. ಕಳಿಸು.