ಗಡಿಗಿ ಚೂರಿನ ಮ್ಯಾಲಿನ ಹೆಸರು

ತುರೋರಿ, ೧೨ ಮಾರ್ಚ್ ೧೯೫೩

ಚಿರಂಜೀವಿ ಬಸಲಿಂಗಗ ಕಾಕಾನ ಆಶೀರ್ವಾದ.

ನಿಜಾಮಶಾಹಿ ಬಿದ್ದದ್ದು ನನ್ನ ಒಂದು ಗದರಿಕೆಗೆ ಅನ್ನೋದು ಉಮರ್ಗಾ ತನಕ ಎಲ್ಲರಿಗೂ ಗೊತ್ತದ. ಹಿಂಗಾಗಿ ಊರಿಗೆ ಲೋಕಶಾಹಿ ಕಲಿಸೋದೂ ನನ್ನ ಪಾಲಿಗೇ ಬಂತು.

ಗ್ರೀಕರು ಬ್ಯಾಡಾದವನ ಹೆಸರು ಗಡಿಗಿ ಚೂರಿನ ಮ್ಯಾಲೆ ಬರದು ಊರು ಬಿಡಸ್ತಿದ್ದರು ಅಂತ ನೀ ಹೇಳಿದ್ದಿ ನೋಡು, ಅದನ್ನೇ ಮಠದಾಗ ಮಾಡಿಸಿದೆ. ನನ್ನ ಮಾತಿಗೆಲ್ಲ ಅಡ್ಡ ಬರೋ ಮಾಣಿಕಪ್ಪನೇ ಹೋಗ್ತಾನ ಅಂತ ಅವನ ಜೋಡಿ ಪಣಾನೂ ಕಟ್ಟಿದೆ. ಮಂದಿಗೆ ಬರಿಲಿಕ್ಕೆ ಬರೂದಿಲ್ಲ, ಒಬ್ಬೊಬ್ಬರೇ ಬಂದು ನನ್ನ ಕಿವ್ಯಾಗ ಹೆಸರು ಹೇಳಿದರು. ಬಾಜೂ ಮನಿ ಸರುಬಾಯಿ ನಕ್ಕೋತ, "ನಿಂದೇ ಬರಿ, ಅಣ್ಣಾ" ಅಂದಳು. ಎಲ್ಲರೂ ಅದನ್ನೇ ಅಂದರು. ನಾ ಮಾತ್ರ ಮೂವತ್ತೊಂದೂ ಚೂರಿನ ಮ್ಯಾಲೆ ಇದ್ದಲಿಲೆ "ಮಾಣಿಕಪ್ಪ" ಅಂತಲೇ ಬರದೆ.

ಮಠದ ಕಾಶಿನಾಥಯ್ಯ ಸ್ವಾಮಿಗಳು ಒಂದೊಂದೇ ತೆಗೆದು ಓದಿದರು: ಕಲ್ಯಾಣಪ್ಪ, ಕಲ್ಯಾಣಪ್ಪ, ಎಲ್ಲಾ ನನ್ನ ಹೆಸರೇ. ಕಸಗೊಂಡು ನೋಡಿದೆ. ಅಕ್ಷರ ನನ್ನವೇ. ಉಗುಳು ಹಚ್ಚಿ ಒರಸಿದರೂ ಹೋಗವಲ್ದು.

ಈಗ ಊರು ಬಿಟ್ಟು ಇಲ್ಲಿ ತುರೋರಿಯೊಳಗ ಲಾರಿ ನಿಲ್ಲೋ ಹೋಟೆಲಿನಾಗ ಇದ್ದೀನಿ. ಒಂದು ಕಂಬಳಿ ಕಳಿಸು. ಗ್ರೀಕರು ಎಷ್ಟು ವರ್ಷಕ್ಕ ತಿರುಗಿ ಬರತಿದ್ದರು, ಅದನ್ನೂ ತಿಳಿಸು.

ನಿನ್ನ ಕಾಕಾ
(ಹೆಸರು ಬರಿಲಿಕ್ಕೆ ಕೈ ಏಳವಲ್ದು)

ತಾ.ಕ.: ಪಣ ಐದು ರೂಪಾಯಿ ಅಂತ ನಿನ್ನ ಕಾಕುಗ ಹೇಳೀನಿ. ಖರೇ ಅಂದ್ರ, ನೀ ಮನಿ ಕಟ್ಟಲಿಕ್ಕೆ ನನ್ನ ಕಡೆ ಇಟ್ಟ ನೂರಾ ನಲವತ್ತು ರೂಪಾಯಿನೂ ಹೋದವು.