ಹೋತದ ಕೊರಳ ದಾರ

ಕಮಲಾಪುರ
೨೯ ಜನವರಿ ೧೯೧೯, ಬುಧವಾರ

ಚಿರಂಜೀವಿ ಜಡೆಪ್ಪನಿಗೆ ನಿನ್ನ ಅಪ್ಪ ಹುಲುಗಪ್ಪನ ಆಶೀರ್ವಾದ.

ಇಲ್ಲಿ ಎಲ್ಲರೂ ಕ್ಷೇಮ ಎಂದು ಮೊದಲು ಬರೆಯಬೇಕಂತೆ. ನಾನು ಬರೆಯುವುದಿಲ್ಲ. ನಿನ್ನ ಅವ್ವ ದೀಪಾವಳಿಗೆ ಮುಂಚೆಯೇ ತೀರಿಕೊಂಡಳು. ಊರಿಗೆಲ್ಲ ಬಂದ ಜ್ವರವೇ ಅವಳಿಗೂ ಬಂತು. ಇಷ್ಟು ದಿನ ತಿಳಿಸಲಿಲ್ಲವೆಂದು ಬೈದುಕೋ. ಬಸ್ರಾದಲ್ಲಿ ದಂಡಿನ ಹೇಸರಗತ್ತೆ ಕಾಯುತ್ತ ಕೂತವನಿಗೆ ಇದನ್ನು ಹೇಗೆ ತಿಳಿಸುವುದೆಂದು ನನಗೆ ಹೊಳೆಯಲಿಲ್ಲ. ಹಿಂದಿನ ಕಾಗದಗಳನ್ನೆಲ್ಲ ಶಾಲೆಯ ಮೇಷ್ಟ್ರು ಬರೆದುಕೊಟ್ಟರು. ಇದನ್ನು ನಾನೇ ಬರೆಯುತ್ತಿದ್ದೇನೆ. ಮೂರನೇ ಕ್ಲಾಸಿಗೇ ಶಾಲೆ ಬಿಟ್ಟವನ ಅಕ್ಷರ, ನಗಬೇಡ. ಇದರಲ್ಲಿರುವುದನ್ನು ಮೇಷ್ಟ್ರು ಓದಿದರೆ ಊರೆಲ್ಲ ಓದಿದ ಹಾಗೆ.

ನಿನ್ನ ಬಲಗೈ ರಟ್ಟೆಗೆ ಅವ್ವ ಕಟ್ಟಿದ ಕೆಂಪು ದಾರ ಇದೆಯಲ್ಲ, ಅದನ್ನು ಒಮ್ಮೆ ಮುಟ್ಟಿ ನೋಡಿಕೋ. ಬಿಚ್ಚಬೇಡ, ಕತ್ತರಿಸಬೇಡ, ಸವೆದಿದ್ದರೆ ಮೇಲೆ ಅರಿವೆ ಸುತ್ತಿಕೋ.

ಅದು ಬರೀ ತಾಯಿತವಲ್ಲ. ನೀನು ಹೊಸಪೇಟೆಯಲ್ಲಿ ರೈಲು ಹತ್ತುವುದಕ್ಕೆ ಮುಂಚೆ ಅವ್ವ ತವರಿಗೆಂದು ಹೇಳಿ ಸಂಡೂರಿಗೆ ಹೋಗಿದ್ದಳು. ಅಲ್ಲಿ ಗುಡ್ಡದ ಬುಡದಲ್ಲಿ ಜಂಬವ್ವ ಎಂಬ ಮುದುಕಿ ಇದ್ದಾಳೆ. ದೂರ ಹೋಗುವವರ ಜೀವವನ್ನು ಮನೆಯ ಒಂದು ಪ್ರಾಣಿಯ ಜೀವಕ್ಕೆ ಕಟ್ಟಿಕೊಡುತ್ತಾಳೆ. ನಿನ್ನ ಬೆರಳಿಗೆ ಮುಳ್ಳು ಚುಚ್ಚಿತೆಂದು ಅವ್ವ ರಕ್ತ ಒರೆಸಿದಳು, ನೆನಪಿದೆಯೇ? ಚುಚ್ಚಿದವಳೇ ಅವಳು. ಆ ರಕ್ತ, ನಮ್ಮ ಕರಿಯ ಹೋತದ ರಕ್ತ ಎರಡರಲ್ಲೂ ಒಂದು ದಾರ ಅದ್ದಿ, ತುಂಡು ಮಾಡಿ, ಒಂದನ್ನು ನಿನ್ನ ರಟ್ಟೆಗೆ, ಒಂದನ್ನು ಹೋತದ ಕೊರಳಿಗೆ ಕಟ್ಟಿದ್ದಾಳೆ. ನಿನಗೆ ಆದದ್ದು ಹೋತದ ಮೈಮೇಲೆ ಕಾಣುತ್ತದೆ. ಕಾಗದ ಬರದಿದ್ದರೂ ಮಗ ಹೇಗಿದ್ದಾನೆಂದು ತಿಳಿಯುತ್ತದೆ. ಅಷ್ಟೇ ಅವಳ ಆಸೆ. ಹೋತಕ್ಕಾದದ್ದು ನಿನಗೂ ಆಗುತ್ತದೆ ಎಂದು ಜಂಬವ್ವ ಎಚ್ಚರಿಸಿದ್ದಳಂತೆ. ‘ಆಗ್ಲಿ, ಹೋತಾನ ನಾ ಕಣ್ಣಾಗ ಕಣ್ಣಿಟ್ಟು ನೋಡ್ಕೊಂತೀನಿ’ ಅಂದು ಬಂದಿದ್ದಾಳೆ ಇವಳು.

ಇದೊಂದೂ ಆಗ ನನಗೆ ಗೊತ್ತಿರಲಿಲ್ಲ. ನೀನು ರೈಲು ಹತ್ತಿದ ಮರುದಿನ ನಾನು ಊರಮ್ಮನ ಗುಡಿಗೆ ಹೋಗಿ, ಯುದ್ಧ ಮುಗಿದು ಮಗ ಉಳಿದರೆ ಕರಿಯನನ್ನೇ ಕಡಿಯುತ್ತೇನೆಂದು ಹರಕೆ ಹೊತ್ತೆ. ಗುರುತಿಗೆಂದು ಅದರ ಎಡಗಿವಿ ಹರಿದೆ. ರಕ್ತ ನೋಡಿ ಅವ್ವ ಓಡಿ ಬಂದು ಸೆರಗಿನಿಂದ ಅದರ ಕಿವಿ ಒತ್ತಿ ಹಿಡಿದಳು. ಏನಾಯ್ತೇ ಎಂದರೆ ಏನಿಲ್ಲ ಎಂದಳು. ನನ್ನ ಸಿಟ್ಟಿಗೆ ಹೆದರಿದಳು. ನಿನ್ನ ಮೊದಲ ಕಾಗದದಲ್ಲಿ ರೈಲಿನ ಬಾಗಿಲ ತಗಡು ತಾಗಿ ಎಡಗಿವಿ ಹರಿಯಿತು ಎಂದಿತ್ತು. ಮೇಷ್ಟ್ರು ಓದಿದಾಗ ನಾನು ನಕ್ಕೆ. ಅವಳು ಎದ್ದು ಹೋತದ ಹತ್ತಿರ ಹೋದಳು.

ಒಂದೇ ಮನೆ, ಒಂದೇ ಹೋತ. ಅವಳು ನಿನ್ನ ಜೀವ ಅದಕ್ಕೆ ಕಟ್ಟಿದಳು, ನಾನು ಅದರ ಜೀವ ಅಮ್ಮನಿಗೆ ಬರೆದುಕೊಟ್ಟೆ.

ಹೋದ ಬೇಸಿಗೆಯಲ್ಲಿ ಕರಿಯ ಮೇವು ಬಿಟ್ಟು ನಡುಗುತ್ತ ಮಲಗಿತು. ಅವ್ವ ಶುಂಠಿ ಮೆಣಸಿನ ಕಷಾಯ ಕಾಸಿ ಕುಡಿಸಿದಳು, ಕಂಬಳಿ ಹೊದಿಸಿದಳು. ‘ಹೋತಕ್ಕ ಬಾಣಂತನ ಮಾಡಾಕ ಹತ್ತೀಯಲ್ಲ, ತೊಟ್ಟಿಲಾ ಕಟ್ಲೇನು?’ ಎಂದು ನಾನು ಹಂಗಿಸಿದೆ. ‘ಕಟ್ರಿ, ತೂಗ್ತೀನಿ’ ಅಂದಳು. ಆಮೇಲೆ ನಿನಗೆ ಜ್ವರ ಬಂದು ತಾನಾಗಿಯೇ ಬಿಟ್ಟಿತೆಂದು ಕಾಗದ ಬಂತು.

ಸಾಯುವ ಮುಂಚೆ ನನ್ನ ಕೈ ಹಿಡಿದು ಎಲ್ಲ ಹೇಳಿದಳು. ‘ಬೈಬ್ಯಾಡ್ರಿ. ಕರಿಯಾನ ಕಡೀಬ್ಯಾಡ್ರಿ’ ಎಂದಳು. ನಾನು ಬೈದೆ. ಬೈಯುತ್ತಿರುವಾಗಲೇ ಹೋದಳು.

ಆಮೇಲೆ ಯುದ್ಧ ಮುಗಿದ ಸುದ್ದಿ ಬಂತು. ಊರಲ್ಲಿ ಜ್ವರ ಮತ್ತೆ ತಿರುಗಿಕೊಂಡಿತು. ಊರ ಹಿರಿಯ ಗಾದಿಲಿಂಗಪ್ಪ ತನ್ನ ಮೊಮ್ಮಗಳನ್ನು ಮಣ್ಣು ಮಾಡಿ ನೇರ ನಮ್ಮ ಮನೆಗೇ ಬಂದ.

‘ಹುಲುಗಾ, ಅಮ್ಮನ ಕೂಳು ನೀ ಮನಿಯಾಗ ಮೇಯಿಸ್ಕೊಂತ ಕುಂತೀ. ಅಕೀ ನಮ್ಮ ಕೂಸುಗಳ್ನ ತಿನ್ನಾಕ ಹತ್ಯಾಳ.’

‘ಬ್ಯಾರೇ ಎರಡು ಹೋತ ಕೊಡ್ತೀನಿ, ಮಾವ.’

‘ಕಿವಿ ಹರಿದದ್ದು ಯಾವುದಲೇ? ಮಂಗಳವಾರ ನೀನಾಗೇ ಹೊಡಕೊಂಡು ಬಂದ್ರ ಸರಿ. ಇಲ್ಲಾಂದ್ರ ಊರು ಬಂದು ಎಳಕೊಂಡು ಹೋಗತೈತಿ.’

ಯಾರ ಜೊತೆ ಜಗಳವಾಡಲಿ? ಅವನ ಕೈಯಲ್ಲಿ ಇನ್ನೂ ಆ ಮಗುವಿನ ಗುಂಡಿಯ ಮಣ್ಣಿತ್ತು. ಹೋತವನ್ನು ಬಂಡಿಗೆ ಹಾಕಿಕೊಂಡು ಸಂಡೂರಿಗೆ ಹೋದೆ. ಸುದ್ದಿ ತಿಳಿದು ನಿನ್ನ ಅಕ್ಕ ಹಂಪಕ್ಕ ಕಂಪ್ಲಿಯಿಂದ ಬಂದು, ಬೇಡವೆಂದರೂ ಬಂಡಿ ಹತ್ತಿದಳು. ಅವಳಿಗೆ ಈಗ ತಿಂಗಳು ತುಂಬುತ್ತ ಬಂದಿವೆ.

ಜಂಬವ್ವ ಹೋತದ ಕೊರಳು ಸವರಿ ನೋಡಿದಳು. ‘ಕಟ್ಟಿಸಿದಾಕಿ ಸತ್ತಳಲ್ಲಪಾ, ಬಿಚ್ಚೋ ಮಾತು ಮುಗೀತು. ಬ್ಯಾರೇ ಜೀವಕ್ಕ ಸರಿಸಬೌದು. ಹುಡುಗನ ರಕ್ತದೋರ ಕೈಗೆ ಆಗಬೇಕು’ ಎಂದಳು.

ಹಂಪಕ್ಕ ಕೈ ಚಾಚಿಯೇಬಿಟ್ಟಳು. ‘ನಂಗ ಕಟ್ಟು ಅಜ್ಜೀ. ನಾ ಸಣ್ಣಾಕಿ, ಭಾಳ ದಿನ ಬದುಕ್ತೀನಿ. ಅಪ್ಪಂದೇನೈತಿ, ಇವತ್ತೋ ನಾಳೆಯೋ.’

ಮಾತು ಒರಟಾದರೂ ಲೆಕ್ಕ ಸರಿಯಾಗಿತ್ತು. ಮುದುಕಿ ಅವಳ ಹೊಟ್ಟೆ ನೋಡಿ ತಲೆಯಾಡಿಸಿದಳು. ‘ಒಳಗಿರೋದಕ್ಕೂ ಗಂಟು ಬೀಳತೈತಿ, ತಂಗೀ.’ ನಾನು ಹಂಪಕ್ಕನ ಕೈಗೆ ಒಂದು ಏಟು ಹಾಕಿ ನನ್ನ ಕೈ ಮುಂದೆ ಇಟ್ಟೆ.

‘ಕೇಳು’ ಎಂದಳು ಮುದುಕಿ. ‘ನೀನಾ ಬಿಚ್ಚಬೇಕು, ನೀನಾ ಕಟ್ಟಿಕೋಬೇಕು. ದಾರ ಹೋತದ ಕೊರಳು ಬಿಟ್ಟಾಗಿಂದ ನಿನ್ನ ಕೈಮ್ಯಾಲೆ ಗಂಟು ಬೀಳೋ ತನಕ ಉಸಿರು ಬಿಡಬ್ಯಾಡ. ಬಿಟ್ಟೀ ಅಂದ್ರ ಕಟ್ಟು ಹರೀತೈತಿ.’

‘ಹರಿದ್ರ?’

‘ಹಗ್ಗ ಹರಿದ್ರ ಬಾವ್ಯಾಗಿನ ಕೊಡ ಏನಾಗತೈತಿ? ಅದಾ.’

ಕಟ್ಟಿಕೊಂಡೆ. ಎಲ್ಲ ಸರಿಯಾಗಿಯೇ ಆಯಿತು. ನಿನ್ನೆ ಮಧ್ಯಾಹ್ನ ಊರಮ್ಮನ ಮುಂದೆ ಕರಿಯನನ್ನು ಕಡಿದರು. ಕತ್ತಿ ಎತ್ತುವಾಗ ಅದು ನನ್ನ ಕಡೆಗೇ ನೋಡಿತು. ನಿನ್ನ ಅವ್ವ ಇದ್ದಿದ್ದರೆ ನನ್ನ ಮೋರೆ ನೋಡುತ್ತಿರಲಿಲ್ಲ. ಗಾದಿಲಿಂಗಪ್ಪ ಪಾಲು ಕಳಿಸಿದ. ಮುಚ್ಚಿದ್ದ ಎಲೆ ತೆಗೆಯದೆ ಹಾಗೆಯೇ ಹಿಂದಕ್ಕೆ ಕಳಿಸಿದೆ.

ಇನ್ನು ಮೇಲೆ ಹೋತದ ಜಾಗದಲ್ಲಿ ನಾನಿದ್ದೇನೆ. ಹೆಂಡ ಬಿಟ್ಟಿದ್ದೇನೆ. ಬಾಳೆತೋಟಕ್ಕೆ ನೀರು ಕಟ್ಟಲು ಹೋದರೆ ಹಾವಿಗೆ ಹೆದರಿ ಕೋಲು ಬಡಿಯುತ್ತ ನಡೆಯುತ್ತೇನೆ, ಜನ ನಗುತ್ತಾರೆ. ನೀನೂ ಅಲ್ಲಿ ಸುಮ್ಮನೆ ಮೈಮೇಲೆ ಏನನ್ನೂ ಎಳೆದುಕೊಳ್ಳಬೇಡ, ನೋವು ಈ ಮುದುಕನಿಗೆ. ನನಗೆ ವಯಸ್ಸಾಯಿತು, ಎಷ್ಟು ದಿನ ತಳ್ಳುತ್ತೇನೋ ತಿಳಿಯದು. ಬೇಗ ಊರಿಗೆ ಬಾ. ಜಂಬವ್ವ ಎಂದಾದರೂ ಬೇರೆ ದಾರಿ ಹೇಳಬಹುದು. ಹಂಪಕ್ಕ ನಿನ್ನನ್ನು ಕೇಳಿದ್ದಾಳೆ, ಗಂಡು ಹುಟ್ಟಿದರೆ ನಿನ್ನ ಹೆಸರೇ ಇಡುತ್ತಾಳಂತೆ. ಬದುಕಿರುವವನ ಹೆಸರು ಇಡಬಾರದೆಂದು ಗದರಿದ್ದೇನೆ.

ವಿರೂಪಾಕ್ಷ ನಿನ್ನ ಬೆನ್ನಿಗಿರಲಿ. ನಿನ್ನ ಅವ್ವನ ಆಶೀರ್ವಾದವನ್ನೂ ನಾನೇ ಬರೆಯುತ್ತಿದ್ದೇನೆ.

ನಿನ್ನ ಅಪ್ಪ,
ಹುಲುಗಪ್ಪ

ತಾ.ಕ.: ಗುರುವಾರ ಬೆಳಗ್ಗೆ. ಟಪಾಲಿಗೆ ಹಾಕಲು ಹೊರಟವನು ತಿರುಗಿ ಬಂದು ಕೂತಿದ್ದೇನೆ. ಮೇಲೆ ಸುಳ್ಳು ಬರೆದೆ. ರಕ್ತ ಒಣಗಿ ಗಂಟು ಕಲ್ಲಾಗಿತ್ತು, ಬೆರಳಿಗೆ ಬಿಚ್ಚಲಿಲ್ಲ, ಹಲ್ಲು ಹಾಕಿ ಎಳೆದೆ. ದಾರ ಕೊರಳು ಬಿಟ್ಟಿತು. ಕೈಗೆ ಸುತ್ತುವಷ್ಟರಲ್ಲಿ ಕೆಮ್ಮು ಬಂತು. ತಡೆದೆನೋ ಬಿಟ್ಟೆನೋ ನನಗೇ ತಿಳಿಯದು. ಹಂಪಕ್ಕ ‘ಇಲ್ಲಪ್ಪಾ, ತಡದಿ’ ಅನ್ನುತ್ತಾಳೆ. ಜಂಬವ್ವ ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಹೋತಕ್ಕೆ ನಿನ್ನದೆಲ್ಲ ತಿಳಿಯುತ್ತಿತ್ತು. ನನಗೆ ಅಂದಿನಿಂದ ಏನೂ ತಿಳಿಯುತ್ತಿಲ್ಲ. ಕೈ ಬರೀ ಕೈ. ದಸರೆಯ ಮೇಲೆ ನಿನ್ನ ಕಾಗದವೂ ಇಲ್ಲ. ಅದಕ್ಕೇ ಈಗ ಒಲೆಯಿಂದ ಕೆಂಡ ತೆಗೆದು ಎಡ ಅಂಗೈಯಲ್ಲಿ ಹಿಡಿದೆ. ನಿನ್ನ ಎಡ ಅಂಗೈ ನೋಡಿಕೋ. ಬೊಬ್ಬೆ ಎದ್ದಿದ್ದರೆ ಕಟ್ಟು ಹರಿದಿಲ್ಲ, ಅಪ್ಪನೆಂದು ನೋಡದೆ ಬಾಯಿಗೆ ಬಂದಂತೆ ಬೈದು ಬರೆ. ಆ ಕಾಗದ ಬರುವತನಕ ಈ ಹುಣ್ಣು ಮಾಯಲು ನಾನು ಬಿಡುವುದಿಲ್ಲ.