ಕಂದು ಕೂದಲಿಗೆ ಕಪ್ಪು ಬಣ್ಣ ಹೊಡೆಸಿದ ಮುಖ್ಯೋಪಾಧ್ಯಾಯರಿಗೆ

ಮಾನ್ಯ ಮುಖ್ಯೋಪಾಧ್ಯಾಯರೇ,

ನನ್ನ ಮಗಳು ಮಿನೋರಿಯ ಕೂದಲು ಹುಟ್ಟಿನಿಂದಲೇ ಕಂದು. ಅದಕ್ಕೆ ಕಪ್ಪು ಬಣ್ಣ ಹಚ್ಚಿಕೊಂಡು ಬಾರದಿದ್ದರೆ ಬೀಳ್ಕೊಡುಗೆ ಸಮಾರಂಭದ ದಿನ ಅವಳು ಗೆಳತಿಯರೊಂದಿಗೆ ಸಭಾಂಗಣದಲ್ಲಿ ಕೂರುವಂತಿಲ್ಲ, ಮಹಡಿಯ ಕೋಣೆಯಲ್ಲಿ ಒಬ್ಬಳೇ ಕೂರಬೇಕು ಎಂದು ತಾವು ಅಪ್ಪಣೆ ಕೊಡಿಸಿದ್ದೀರಿ. ಜಪಾನಿನ ಹುಡುಗಿಯ ಕೂದಲು ಕಪ್ಪಗೇ ಇರಬೇಕಂತೆ. ಕೇಳಿ ನನಗೆ ಹೇಸಿಗೆಯಾಯಿತು. ತಮಗೇ ಬರೆದರೆ ಕಪಾಟು ಸೇರುತ್ತದೆಂದು ಊರಿನ ಪತ್ರಿಕೆಗೆ ಕಳಿಸುತ್ತಿದ್ದೇನೆ.

ಸಮವಸ್ತ್ರದ ಮೇಲೆ ನನಗೆ ಜಗಳವಿಲ್ಲ. ನಾನು ಬಸ್ ಚಾಲಕ. ಟೋಪಿ, ಬಿಳಿ ಕೈಗವಸು ಇಲ್ಲದೆ ಸ್ಟಿಯರಿಂಗ್ ಮುಟ್ಟಿದವನಲ್ಲ. ಆದರೆ ಸಂಜೆ ಡಿಪೋದಲ್ಲಿ ಅವನ್ನು ಬಿಚ್ಚಿಟ್ಟು ಮನೆಗೆ ಹೋಗುತ್ತೇನೆ. ಮಗಳು ತಲೆಗೂದಲನ್ನು ಎಲ್ಲಿ ಬಿಚ್ಚಿಡಬೇಕು? ಅಜ್ಜಿಯಿಂದ ಬಂದ ಬಣ್ಣವನ್ನು ಯಾರಿಗೆ ವಾಪಸು ಕೊಡಬೇಕು?

ಕಳೆದ ಬೇಸಿಗೆಯಲ್ಲಿ ತಮ್ಮ ಶಾಲೆಯಲ್ಲಿ ಸಿನಿಮಾ ತೆಗೆದರಲ್ಲ, ಎಲ್ಲರಂತಿರಲು ಒಪ್ಪದ ಹುಡುಗಿಯ ಕತೆ, ನೆನಪಿದೆಯೇ? ನಾಯಕಿಗೆ ಕಂದು ವಿಗ್ ತೊಡಿಸಿದ್ದರು. ಅವಳ ಹಿಂದೆ ಸಾಲಾಗಿ ಕೂರಲು ತಾವು ಮಕ್ಕಳನ್ನು ಕೊಟ್ಟಿರಿ. ಆ ಬೆಳಿಗ್ಗೆ ಶಿಸ್ತು ನೋಡಿಕೊಳ್ಳುವ ಇಸೊಗಾಯಿ ಮೇಷ್ಟ್ರು ಶಾಲೆಯ ಬಾಗಿಲಲ್ಲೇ ಮಗಳನ್ನು ನಿಲ್ಲಿಸಿ, ಸ್ಪ್ರೇ ಡಬ್ಬಿ ಹಿಡಿದು ಅವಳ ತಲೆಗೆ ಕಪ್ಪು ಬಣ್ಣ ಹೊಡೆದರು.

"ಕ್ಯಾಮೆರಾದಲ್ಲಿ ನೀನೊಬ್ಳೇ ಎದ್ದು ಕಾಣ್ತೀಯಮ್ಮ. ಎಲ್ಲರ ಹಾಗೆ ಇದ್ಬಿಡು, ನಿಂಗೇ ಸುಲಭ," ಎಂದರಂತೆ.

ಸಂಜೆ ನೆತ್ತಿಯೆಲ್ಲ ಬೊಬ್ಬೆ ಎದ್ದಿತ್ತು. ನಾನು ತಣ್ಣೀರು ಹಾಕುತ್ತಿದ್ದಾಗ ಕೇಳಿದಳು: "ಅಪ್ಪಾ, ಆ ಅಕ್ಕಂದು ವಿಗ್ಗು. ಅದಕ್ಕೆ ಎಲ್ರೂ ಚಪ್ಪಾಳೆ ಹೊಡೆದ್ರು. ನಾನು ಹುಟ್ಟಿದ್ದೇ ಹೀಗೆ. ನಾನೇನು ತಪ್ಪು ಮಾಡ್ದೆ?"

ಪುರಭವನದಲ್ಲಿ ಚಿತ್ರ ತೋರಿಸಿದ ದಿನ ತಾವು ಕಣ್ಣೊರೆಸಿಕೊಂಡು, ತನ್ನತನ ಬಿಟ್ಟುಕೊಡದ ಮಕ್ಕಳೇ ನಾಡಿನ ಆಸ್ತಿ ಎಂದು ಭಾಷಣ ಮಾಡಿದಿರಿ. ತಮ್ಮ ಹಿಂದಿನ ಸಾಲಿನಲ್ಲೇ ಮಿನೋರಿ ಟೋಪಿ ಹಾಕಿಕೊಂಡು ಕೂತಿದ್ದಳು. ಅಂದಿನಿಂದ ಶಾಲೆಯ ಒತ್ತಾಯಕ್ಕೆ ಬಣ್ಣ ಹಚ್ಚಿ ಹಚ್ಚಿ ನೆತ್ತಿಯ ಕೂದಲು ಉದುರಿತ್ತು. ಪರದೆಯ ಮೇಲಿದ್ದರೆ ಧೈರ್ಯ, ತಮ್ಮ ತರಗತಿಯಲ್ಲಿದ್ದರೆ ಉದ್ಧಟತನವೇ?

ಇನ್ನು ಅವಳು ಬಣ್ಣ ಹಚ್ಚುವುದಿಲ್ಲ. ಇಸ್ತ್ರಿ ಮಾಡಿದ ಸಮವಸ್ತ್ರದಲ್ಲಿ, ಇರುವ ಕೂದಲಿನಲ್ಲೇ ಸಮಾರಂಭಕ್ಕೆ ಬರುತ್ತಾಳೆ. ಎಲ್ಲ ಮಕ್ಕಳ ಹೆಸರು ಕೂಗುವಾಗ ಅವಳದನ್ನೂ ಸಭಾಂಗಣದಲ್ಲೇ ಕೂಗಿಸಿ. "ಇದ್ದೀನಿ" ಎಂದು ಎದ್ದು ನಿಲ್ಲುವುದನ್ನು ಅವಳು ದಿನವೂ ಮನೆಯಲ್ಲಿ ಅಭ್ಯಾಸ ಮಾಡುತ್ತಿದ್ದಾಳೆ. ತಾವು ಕೂಗಿಸದಿದ್ದರೆ, ಮಹಡಿಯ ಕೋಣೆಯಲ್ಲಿ ಅವಳ ಪಕ್ಕ ಕೂತು ನಾನೇ ಕೂಗುತ್ತೇನೆ. ಬಸ್ ಚಾಲಕನ ಗಂಟಲು. ಕೆಳಗೆ ತಮಗೆಲ್ಲ ಚೆನ್ನಾಗಿ ಕೇಳಿಸುತ್ತದೆ.

ಇಂತಿ,
ಬೋಳುತಲೆಯ ಪುಣ್ಯದಿಂದ ತಮ್ಮ ಯಾವ ನಿಯಮವನ್ನೂ ಮುರಿಯದ
ಮಿನೋರಿಯ ಅಪ್ಪ